ಒತ್ತೊರೀನೊನ ಬಲಗಾಲು

ಮೂವತ್ತೊಂದು ವರ್ಷ ಬಸ್ಸು ಓಡಿಸಿದವನು.
ಆದ್ರಿಯದಿಂದ ರೊವೀಗೊ, ರೊವೀಗೊದಿಂದ ಆದ್ರಿಯ,
ನಡುವೆ ಹದಿನೇಳು ತಂಗುದಾಣ, ಒಂದು ರೈಲ್ವೆ ಗೇಟು,
ಚಳಿ ಬಿತ್ತೆಂದರೆ ಗಾಜಿಗೆ ಮೆತ್ತುವ ಮಂಜು.
ಒಂದು ನಿಮಿಷ ಆಚೀಚೆ ಆದದ್ದಿಲ್ಲ.
ಮದುವೆಯ ದಿನವೂ
ನನಗಿಂತ ಮುಂಚೆ ಇಗರ್ಜಿಯ ಮೆಟ್ಟಿಲೇರಿ
ಗಡಿಯಾರದ ಮುಳ್ಳು ನೋಡುತ್ತ ನಿಂತಿದ್ದ.
ನಾನು ಬೇಕೆಂದೇ ತಡಮಾಡಿದೆ.
ಅದು ಬೇರೆ ಮಾತು.

ಬೊಲೋನ್ಯದಲ್ಲಿ ಎರಡು ದಿನ ಎಂದು
ಹೊರಡಿಸಿದವಳು ನಾನು.
ಊರು ಕಾಯುವ ಸಂತನ ಹಬ್ಬ,
ಅರ್ಧ ಬಾಗಿಲು ಮುಚ್ಚಿದ ಅಂಗಡಿಗಳು.
ಮಳೆ ಬಂದರೂ ಕೊಡೆ ಬೇಡ ಇಲ್ಲಿ,
ಬೀದಿಯುದ್ದಕ್ಕೂ ತಲೆಯ ಮೇಲೆ ಕಮಾನು.
ಆದರೂ ತಂದಿದ್ದ.
ಎರಡು.

ಮಧ್ಯಾಹ್ನ ತೊರ್ತೆಲ್ಲೀನಿ.
ಕೋಳಿಸಾರಿನ ಹೊಂಬಣ್ಣದಲ್ಲಿ ತೇಲುವ,
ಕಿರುಬೆರಳಿಗೆ ಸುತ್ತಿ ಮಡಿಸಿದ ಪುಟ್ಟ ಗಂಟುಗಳು,
ಒಂದೊಂದರ ಹೊಟ್ಟೆಯಲ್ಲೂ ಚಿಟಿಕೆ ಮಾಂಸ,
ಜಾಯಿಕಾಯಿಯ ಒಂದು ಪಿಸುಮಾತು.
ಚಮಚಕ್ಕೆ ಎಷ್ಟೆಂದು ಎಣಿಸುತ್ತ ಕೂತ:
ಐದು, ಆರು...
ನುಂಗು ಮಾರಾಯ, ಎಂದೆ,
ಇಲ್ಲಿ ಯಾರೂ ಟಿಕೆಟ್ಟು ಕೇಳುವುದಿಲ್ಲ.

ಮರುದಿನ ಸಂಜೆ, ಮೀನಿನ ಓಣಿಯ ಹಿಂದೆ
ಹೆಸರಿನ ಹಲಗೆಯೇ ಇಲ್ಲದ ಒಂದು ಪಡಖಾನೆ.
ಕುಡಿಯಲಷ್ಟೇ ಕೊಡುತ್ತಾರೆ ಅಲ್ಲಿ,
ತಿನ್ನುವುದು ಅವರವರ ಪಾಡು.
ಅವನಿಗಿದು ಅರ್ಥವೇ ಆಗಲಿಲ್ಲ.
ಬಸ್ಸು ಅವರದು, ಸೀಟು ನಾವು ತರಬೇಕೇನು?

ಎದುರಿನ ಅಂಗಡಿಗೆ ಓಡಿದೆ.
ಇನ್ನೂರು ಗ್ರಾಂ ಮೊರ್ತದೆಲ್ಲಾ.
ಅಂಗಡಿಯವ ಕೊಯ್ದನೋ, ನೇಯ್ದನೋ,
ದೀಪಕ್ಕೆ ಹಿಡಿದರೆ ಆಚೆಯ ಬೆರಳು ಕಾಣುವ
ಗುಲಾಬಿ ಬಟ್ಟೆ,
ಅಲ್ಲಲ್ಲಿ ಕೊಬ್ಬಿನ ಬಿಳಿ ಗುಂಡಿ.

ಅದೇ ಮೇಜಿಗೆ ಆರ್ಜಿಯಾ, ಗ್ವಾಲ್ತಿಯೆರೊ.
ಆಕೆ ಛಾಪಖಾನೆಯಲ್ಲಿ ಅಕ್ಷರ ಜೋಡಿಸಿದವಳು,
ಈತ ಊರವರ ನೆಲಕ್ಕೆಲ್ಲ ಕಲ್ಲು ಹಾಸಿ
ಈಗ ಮೊಣಕಾಲು ನೀವಿಕೊಳ್ಳುವವನು.
ಅವರ ಬುತ್ತಿಯಲ್ಲಿ
ಎಣ್ಣೆಯಲ್ಲಿ ಉಬ್ಬಿದ ಹಿಟ್ಟಿನ ದಿಂಬು,
ಚಾಕುವಿನಿಂದ ಜಾರುವಷ್ಟು ಮೆದು ಚೀಸು,
ಪಾಕ ಹಿಡಿದ ಅಂಜೂರ.
ಯಾರ ಬುತ್ತಿ ಯಾರದೆಂಬ ಲೆಕ್ಕ
ಮೊದಲ ಲೋಟದ ತನಕ ಮಾತ್ರ.

ಲಾಂಬ್ರುಸ್ಕೊ ಬಂತು. ನೇರಳೆ ನೊರೆ.
ಮೀಸೆಯೂ ನೇರಳೆ.
ಪೋ ನದಿಯ ಆಚೆಯವರು ನೀವು,
ಹಾವುಮೀನು ತಿನ್ನುವ ಜನ,
ಎಂದು ನಕ್ಕುಬಿಟ್ಟ ಗ್ವಾಲ್ತಿಯೆರೊ.
ಅಷ್ಟೇ ಸಾಕಾಯಿತು.
ತಂಗುದಾಣಗಳ ಹೆಸರು ಬಿಟ್ಟು
ಬೇರೇನೂ ಗಟ್ಟಿಯಾಗಿ ಕೂಗದ ನನ್ನ ಗಂಡ
ಹಾವುಮೀನಿನ ಮೇಲೆ ಇಪ್ಪತ್ತು ನಿಮಿಷ ಮಾತಾಡಿದ.
ಚರ್ಮ ಸುಲಿಯಲು ಬೂದಿ ಹಚ್ಚುವುದು,
ಲವಂಗದೆಲೆ, ವಿನಿಗರ್,
ಅವನಮ್ಮನ ಸೊಟ್ಟ ಕಬ್ಬಿಣದ ಕಾವಲಿ.
ಮನೆಯಲ್ಲಿ ಒಂದು ದಿನ ಒಲೆ ಹಚ್ಚಿದವನಲ್ಲ.
ನಾನು ಅಂಜೂರ ತಿನ್ನುತ್ತ
ಯಾರೋ ಪರಗಂಡಸನ್ನು ನೋಡುವಂತೆ ನೋಡಿದೆ.
ಚೆನ್ನಾಗಿಯೇ ಇದ್ದ.

ಒಂಬತ್ತು ಹನ್ನೆರಡಕ್ಕೆ ಕೊನೆಯ ರೈಲು.
ಎಂಟೂ ನಲವತ್ತಕ್ಕೆ ನಾನೇ ಚೀಲಕ್ಕೆ ಕೈ ಹಾಕಿದೆ.
ಅವನು ಕೈಗಡಿಯಾರ ಬಿಚ್ಚಿ
ಜಿಡ್ಡು ಕಾಗದದ ಕೆಳಗೆ ಸರಿಸಿ
ಇನ್ನರ್ಧ ಲೀಟರು, ಎಂದ.
ನನಗಲ್ಲ, ಇಡೀ ಪಡಖಾನೆಗೆ,
ಮುಂದಿನ ತಂಗುದಾಣ ಕೂಗುವ ದನಿಯಲ್ಲಿ.

ಹನ್ನೊಂದೂವರೆಗೆ ರೈಲ್ವೆಯವರ ಬದಲಿ ಬಸ್ಸು.
ಓಡಿಸುವಾಕೆ ಚೂಯಿಂಗ್ ಗಮ್ ಜಗಿಯುವ ಎಳೆ ಹುಡುಗಿ.
ಅವಳ ಹಿಂದಿನ ಸೀಟೇ ಬೇಕೆಂದು ಹಟ ಹಿಡಿದ.
ಎರಡು ನಿಮಿಷ ತಡ, ಎಂದ, ಬೈಯದೆ,
ಕಣ್ಣು ಮುಚ್ಚಿದ.
ಆದರೂ ತಿರುವು ಬಂದಾಗಲೆಲ್ಲ
ಅವಳ ಬ್ರೇಕಿಗಿಂತ ಒಂದು ಉಸಿರು ಮೊದಲು
ಅವನ ಬಲಗಾಲು ನೆಲ ಒತ್ತುತ್ತಿತ್ತು.
ಫೆರ್ರಾರ ದಾಟಿದ ಮೇಲೆ
ಅದೂ ನಿಂತಿತು. ಬಾಯಿ ತೆರೆದು ಗೊರಕೆ.

ಕೋಟಿನ ಜೇಬಿನಲ್ಲಿ ಜಿಡ್ಡು ಕಾಗದ ಸರಸರ ಅಂದಿತು.
ಗಡಿಯಾರ ಇತ್ತು. ಜೊತೆಗೆ, ನಾಳೆಗೆಂದು
ಕಳ್ಳತನದಲ್ಲಿ ಮಡಚಿಟ್ಟ ಒಂದೇ ಒಂದು ಚೂರು.
ತಿಂದೆ.
ಕಾಗದವನ್ನು ಮೊದಲಿದ್ದ ಹಾಗೇ ಮಡಚಿ ಇಟ್ಟೆ.