ಗೈರುಹಾಜರಿ

ದಮ್ಮಾಮ್ ಕೋರ್ಟಿನ ಎರಡನೇ ಮಹಡಿ.
ಏಸಿಯ ಚಳಿಗೆ ಮೊಣಕಾಲು ಕೂಡಿಸಿ
ಟೋಕನ್ನು ಬೆವರುವಷ್ಟು ಹೊತ್ತು
ಅಂಗೈಯಲ್ಲಿ ಹಿಡಿದು ಕೂತಿದ್ದ ಪೂವಪ್ಪ.
ಏಳು ತಿಂಗಳ ಸಂಬಳ, ಒಂದು ಪಾಸ್‌ಪೋರ್ಟು.
ಕೇಳಬೇಕಾದ್ದು ಅಷ್ಟೇ;
ಹಿಂದಿಯಲ್ಲಿ ರಾತ್ರಿಯಿಡೀ ಉರುಹೊಡೆದಿದ್ದ.

ಪ-ಕಾರವಿಲ್ಲದ ಬಾಯೊಂದು
ಬಾಗಿಲಲ್ಲಿ ಕೂಗಿತು:
‘ಬೂಫಬ್ಬಾ!’

ಅರೆ, ಮೋನಬ್ಬ ಇದಿನಬ್ಬರ ಹಾಗೆ
ಯಾರೋ ನಮ್ಮ ಕಡೆಯ ಬ್ಯಾರಿ!
ಕೇಸು ಮುಗಿಸಿ ಬರಲಿ, ಮಾತಾಡಿಸೋಣ ಎಂದು
ಪಕ್ಕದ ನೇಪಾಳಿಗೂ ಹೇಳಿದ.

ಎರಡನೇ ಕೂಗು.
ಮೂರನೆಯದು.
ಬಾಗಿಲು ಹಾಕಿಕೊಂಡಿತು.

ನಮಾಜಿನ ಹೊತ್ತಿಗೆ ಕಾರಿಡಾರು ಒರೆಸುವವ ಬಂದು
ಕಾಲೆತ್ತು ಅಂದ.
ಎತ್ತಿದ.
ಎತ್ತಿದ ಕಾಲಲ್ಲೇ ಕೂತು ಮರುಗಿದ:
ಪಾಪ, ಎಷ್ಟು ದೂರದ ಕ್ಯಾಂಪೋ ಏನೋ,
ರಜೆ ಸಿಗಲಿಲ್ಲವೋ,
ಬರಲೇ ಇಲ್ಲವಲ್ಲ
ಆ ಮನುಷ್ಯ.