ಸಪ್ಪೆ ಬೆಳಕು

ನಮ್ಮ ಇರ್ಮೂಲಿನಲ್ಲಿ ತಲೆಗೆರಡು ನೆರಳು.
ದೊಡ್ಡ ಸೂರ್ಯನದು ಕಪ್ಪು, ದಪ್ಪ, ಮಾತು ಕಮ್ಮಿ;
ಚಿಕ್ಕವನದು ನೀಲಿ, ನಾಯಿಮರಿಯ ಹಾಗೆ
ಸದಾ ಒಂದು ಹೆಜ್ಜೆ ಆಚೀಚೆ.
ಸಾಲ, ಮದುವೆ, ಉಪ್ಪಿನ ಪಾತಿಯ ಗಡಿ,
ಯಾವುದೇ ಆಗಲಿ, ಎರಡೂ ನೆರಳು ಬಿದ್ದ ನೆಲದಲ್ಲಿ
ನಿಂತು ಆಡಿದರೆ ಮಾತು.
ಇಲ್ಲದಿದ್ದರೆ ಬರೀ ಗಾಳಿ.

ನಾನು ನೆರಳಳೆಯುವವಳು.
ಗಂಟು ಹಾಕಿದ ಹಗ್ಗ, ಸೀಸದ ಗುಂಡು,
ಮೂರು ತಲೆಮಾರಿನ ಕಡತ ಹೊತ್ತು
ಪಾತಿಯಿಂದ ಪಾತಿಗೆ ನಡೆಯುವವಳು.
ಎರ್ಗನ್‌ನ ಬೇಲಿ ನಾಲ್ಕು ಗಂಟು ಆಚೆಗೆ ಸರಿದದ್ದನ್ನು
ಅವನ ಮುಖಕ್ಕೇ ಹೇಳಿದವಳು.
ಅದಕ್ಕೇ ಅವನ ಹೆಂಡತಿ
ನನಗೆ ಮೀನು ತೂಗುವಾಗ ತಟ್ಟೆಗೆ ಬೆರಳು ಒತ್ತುತ್ತಾಳೆ.

ವರ್ಷಕ್ಕೊಮ್ಮೆ, ಕೆಲವು ವರ್ಷ ಅದೂ ಇಲ್ಲ,
ಪಡುವಣ ಪಾತಿಗಳಿಂದ ಉಪ್ಪಿನ ಹುಡಿ ಎದ್ದು
ಮುಗಿಲಿಗೇರಿ ಅಲ್ಲೇ ನಿಲ್ಲುತ್ತದೆ.
ಗಾಳಿ ಉಸಿರು ಕಟ್ಟುತ್ತದೆ.
ಸೂರ್ಯರು ಎಲ್ಲಿದ್ದಾರೋ ತಿಳಿಯದು.
ಬೆಳಕು ಮೇಲಿನಿಂದ ಬರುವುದಿಲ್ಲ ಆಗ,
ಗೋಡೆಯಿಂದ ಬರುತ್ತದೆ, ಕೊಡದೊಳಗಿಂದ,
ಕತ್ತೆಯ ಹೊಟ್ಟೆಯ ಅಡಿಯಿಂದ;
ಮುಚ್ಚಿದ ಮುಷ್ಟಿ ಬಿಚ್ಚಿದರೆ
ಅಲ್ಲಿಯೂ ಮೊದಲೇ ಬಂದು ಕೂತಿರುತ್ತದೆ.
ಬಣ್ಣ? ಗಂಜಿಯ ತಿಳಿಯ ಬಣ್ಣ.
ಮಂಚದ ಕೆಳಗೆ ಕತ್ತಲಿಲ್ಲ.
ಹೋದ ವರ್ಷ ಬಾವಿಗೆ ಬಿದ್ದ ಸೌಟು
ತಳದಲ್ಲಿ ಕಣ್ಣಿಗೆ ಹೊಡೆಯುವಂತೆ ಕಾಣುತ್ತದೆ.
ಯಾವುದಕ್ಕೂ ನೆರಳಿಲ್ಲ. ಒಂದೂ ಇಲ್ಲ.

ಹುಟ್ಟಿದ್ದು ಉಪ್ಪಿನಿಂದಲೇ ಆದರೂ ಜನ ಇದನ್ನು
ಸಪ್ಪೆ ಬೆಳಕು ಅನ್ನುತ್ತಾರೆ.

ಆ ಹೊತ್ತು ಆಡಿದ್ದು ಆಡಿದ್ದಲ್ಲ.
ಕಚೇರಿಗೆ ಬೀಗ. ನನ್ನ ಹಗ್ಗ ಗೂಟಕ್ಕೆ.
ಊರು ಬಾಯಿ ಬಿಡುತ್ತದೆ:
ಬೀಗರು ಬೀಗರನ್ನು ನಗುನಗುತ್ತ ಬೈಯುತ್ತಾರೆ,
ಕುಂಬಾರ ಸೆವ್ರಾ ನಡುಬೀದಿಯಲ್ಲಿ ನಿಂತು
ಅಕ್ಕನಿಗೂ ತಂಗಿಗೂ ಒಂದೇ ಉಸಿರಲ್ಲಿ
ಮದುವೆಯ ಮಾತು ಕೊಡುತ್ತಾನೆ,
ಎರ್ಗನ್ ನನ್ನ ಹೊಸಿಲಿಗೆ ಬಂದು
"ನಾಲ್ಕಲ್ಲ, ಆರು ಗಂಟು" ಎಂದು ಹೇಳಿ
ಹಗುರಾಗಿ ಹೋಗುತ್ತಾನೆ.
ಮಕ್ಕಳು ಮಾತ್ರ ಅಳುತ್ತವೆ,
ಒಬ್ಬರದನ್ನೊಬ್ಬರು ತುಳಿಯಲು ಏನೂ ಸಿಗದೆ.

ಈ ಸಲ ಬಂದದ್ದು ಮೀನು ಸೀಳುವ ಹೊತ್ತಿಗೆ.
ಅವ್ವ ಕತ್ತಿ ಕೆಳಗಿಟ್ಟಳು. ಕೈ ಒರೆಸಿಕೊಳ್ಳಲಿಲ್ಲ.
"ನೀನು ನನ್ನ ಹೊಟ್ಟೆಯವಳಲ್ಲ, ಓರಿಮೆ.
ಬಡಗಣ ದೋಣಿಯವರು ಕೊಟ್ಟರು,
ಮೂರು ಅಚ್ಚು ಉಪ್ಪಿಗೆ.
ಎರಡಕ್ಕೆ ಕೇಳಿದೆ, ಒಪ್ಪಲಿಲ್ಲ."
ಮತ್ತೆ ಕತ್ತಿ ತೆಗೆದುಕೊಂಡಳು.

ಅವಳ ಮುಖದಲ್ಲಿ ಏನಿದೆಯೆಂದು ಹುಡುಕಿದೆ.
ಸಪ್ಪೆ ಬೆಳಕಿನಲ್ಲಿ ಮುಖಕ್ಕೆ ಹಳ್ಳದಿಣ್ಣೆ ಇರುವುದಿಲ್ಲ.
ಸುಕ್ಕೆಲ್ಲ ಅಳಿಸಿಹೋಗಿ, ಮೂಗೂ ಚಪ್ಪಟೆಯಾಗಿ,
ಆಗತಾನೆ ನಾದಿಟ್ಟ ಹಿಟ್ಟಿನಂತೆ
ನನಗಿಂತ ಚಿಕ್ಕವಳಾಗಿ ಕಂಡಳು.
ಉಪ್ಪು ಎಣಿಸಿ ಕೊಟ್ಟ ದಿನ
ಹೀಗೇ ಇದ್ದಿರಬೇಕು.

ಕೇಳಬಹುದಿತ್ತು. ಕೇಳಿದ್ದೂ ಲೆಕ್ಕಕ್ಕೆ ಬರುತ್ತಿರಲಿಲ್ಲ.
"ಈ ಮೀನಿಗೆ ಮೊಟ್ಟೆಯಿದೆ" ಅಂದೆ.
"ಬೇರೆ ಇಡು" ಅಂದಳು.

ಇಳಿಹೊತ್ತಿಗೆ ಗಾಳಿ ತಿರುಗಿತು.
ಮೊದಲು ಚಿಕ್ಕವನ ನೀಲಿ
ಕತ್ತೆಯ ಕಾಲಬುಡದಿಂದ ನೀರಿನಂತೆ ಹರಿದು ಬಂತು.
ಬೀದಿಯಲ್ಲಿ ಸೆವ್ರಾ ಬಾಯಿ ಮುಚ್ಚಿಕೊಂಡು ಓಡಿದ.
ತುಟಿ ನೆಕ್ಕಿದರೆ ಉಪ್ಪು.

ಮರುದಿನ ಕಡತ ತೆರೆದೆ.
ಎರ್ಗನ್‌ನ ಪುಟದಲ್ಲಿ ನಾಲ್ಕೇ ಇದೆ, ನಾಲ್ಕೇ ಇರುತ್ತದೆ.
ಅವ್ವ ಅಂಗಳದಲ್ಲಿ ಬಲೆ ಹರಡುತ್ತಿದ್ದಳು.
ಯಾರೂ ಕರೆಯದೆ, ಯಾರ ತಕರಾರೂ ಇಲ್ಲದೆ
ಹಗ್ಗ ಬಿಚ್ಚಿ ಅವಳ ನೆರಳು ಅಳೆದೆ.
ಕಪ್ಪು, ಒಂಬತ್ತು ಗಂಟು. ನೀಲಿ, ಒಂಬತ್ತೂವರೆ.
ಆಮೇಲೆ ಅಲ್ಲೇ ನಿಂತು ನನ್ನದು.
ಹೊಂದಲಿಲ್ಲ.
ಹೊಂದಬೇಕೆಂದು ಹೇಳಿದವರಾದರೂ ಯಾರು,
ಸೂರ್ಯರಿಬ್ಬರೂ ಅಷ್ಟರಲ್ಲಿ ಸರಿದಿದ್ದರು.

"ಏನು ಮಾಡ್ತಿದ್ದೀ ಅಲ್ಲಿ?"

"ಗಡಿ ನೋಡ್ತಿದ್ದೆ, ಅವ್ವಾ" ಅಂದೆ,
ನನ್ನೆರಡೂ ಅವಳೆರಡೂ ಬಿದ್ದ ನೆಲದಲ್ಲಿ ನಿಂತು,
ಬೇಲಿಯಾಚೆಯ ಎರ್ಗನ್‌ಗೂ ಕೇಳುವ ಹಾಗೆ,
ಬೇಕೆಂದೇ ಇನ್ನೊಮ್ಮೆ,
"ಅವ್ವಾ."