ಕೊನೆಯ ತರಿಗೆ ಮುಂಚೆ

ಕಾಳಿ ನದಿಗೆ ಸೇತುವೆ ಇರದ ಕಾಲ.
ಸದಾಶಿವಗಡದವರು ಸಿನಿಮಾಕ್ಕೆ ಬಂದರೆ
ಹತ್ತೂವರೆಯ ಕೊನೆಯ ತರಿ ತಪ್ಪಬಾರದು.
ಅದಕ್ಕೇ ಆಪರೇಟರ್ ನಾರ್ವೇಕರ ಮಾಮ
ಹೆಸರುಗಳನ್ನು ಕತ್ತರಿಸುತ್ತಿದ್ದ.
‘ಹೆಸರು ಓದಲು ಯಾರು ಟಿಕೇಟು ತೆಗೆದಿದ್ದಾರೆ?’
ಬ್ಲೇಡು, ಅಂಟು, ಬಾಯಿಂದ ಒಂದು ಉಫ್,
ಕುದುರೆ ನೇರ ಧೂಳಿನೊಳಕ್ಕೆ.

ರೀಲು ಸುತ್ತುವ ಹುಡುಗ ನಾನು, ಹರಿಕಂತ್ರರ ದಾಮು.
ಅಂಗಿಯಲ್ಲಿ ಶೆಟ್ಲಿ ವಾಸನೆ, ಬೆರಳಲ್ಲಿ ಕಾರ್ಬನ್ ಮಸಿ.
ನೆಲಕ್ಕೆ ಬಿದ್ದ ತುಂಡುಗಳನ್ನು
ಬಿಸ್ಕೀಟು ಡಬ್ಬಿಯಲ್ಲಿ ಕೂಡಿಡುತ್ತಿದ್ದೆ,
ಯಾಕೆಂದು ಕೇಳಬೇಡಿ.

ಆ ಇಟಲಿ ಕೌಬಾಯ್ ಚಿತ್ರ ಒಂಬತ್ತು ದಿನ ಓಡಿತು.
ಮಾತು ಇಂಗ್ಲಿಷು, ತುಟಿ ಬೇರೇನೋ ಆಡುತ್ತಿತ್ತು;
ಯಾರಿಗೂ ಅರ್ಥವಾಗಲಿಲ್ಲ, ಆಗಬೇಕಾಗಿಯೂ ಇರಲಿಲ್ಲ.
ಒಂದು ಸಿಳ್ಳು. ಅದರ ಹಿಂದೆ ಚಾಟಿ. ದೂರದಲ್ಲೊಂದು ಗಂಟೆ.
ಆಮೇಲೆ ತುತ್ತೂರಿ,
ಎಳೆಯುತ್ತಿದ್ದ ಬಲೆ ಒಮ್ಮೆಲೇ ಭಾರವಾಗುತ್ತದಲ್ಲ, ಹಾಗೆ.

ಒಂಬತ್ತೂ ದಿನ ಮುಂದಿನ ಬೆಂಚಲ್ಲಿ
ಕೋಡಿಬಾಗದ ಇನಾಸ್ ರೆಬೆಲೊ.
ಮದುವೆಗೂ ಮಣ್ಣಿಗೂ ಅದೇ ಕೋಟು ತೊಟ್ಟು
ತುತ್ತೂರಿ ಊದುವವನು.
ಪರದೆಗೆ ಬೆನ್ನು ಹಾಕಿ ಕೂರುತ್ತಿದ್ದ.
‘ಕಣ್ಣು ದುಡಿದರೆ ಕಿವಿ ಸೋಮಾರಿ, ಬಾಬ್.’
ಹತ್ತನೆಯ ದಿನ ರೀಲಿನ ಪೆಟ್ಟಿಗೆ ಗೋವೆಗೆ ಹೋಯಿತು.
ಸಿಳ್ಳು ಕಾರವಾರದಲ್ಲೇ ಉಳಿಯಿತು.

ಮಳೆಗಾಲ ಮುಗಿದು ಬೈತಖೋಲಿಗೆ ಅದಿರಿನ ಹಡಗು ಬಂತು.
ಅದರ ಅಡುಗೆಯವ, ಬೊಕ್ಕತಲೆಯ ಪ್ರಿಮೊ,
ಒಣಮೀನಿಗೆ ಸಿಗರೇಟು ಕೊಡುತ್ತಿದ್ದವ,
ನನ್ನ ತುಂಡು ಫಿಲ್ಮನ್ನು ಬಿಸಿಲಿಗೆ ಹಿಡಿದು
ಗಟ್ಟಿಯಾಗಿ ನಕ್ಕ.
ಅವನು ಹೇಳಿದ್ದನ್ನು ಇನಾಸ್ ಇಗರ್ಜಿಯ ಲ್ಯಾಟಿನ್ನಿನಲ್ಲಿ ಹಿಡಿದು
ಕೊಂಕಣಿಯಲ್ಲಿ ನನಗೆ ದಾಟಿಸಿದ:

ಸಂಗೀತ ಎಂಬಲ್ಲಿರುವ ಈ ಅಮೆರಿಕದ ಹೆಸರು ಸುಳ್ಳು.
ಇವನು ಅತ್ತಿಲಿಯೊ, ನಮ್ಮೂರ ಕ್ಷೌರಿಕನ ಮಗ.
ಹೆಣದ ಹಿಂದೆ ಊದಿ ಎರಡು ಕಾಸು ಗಳಿಸಿದವ,
ರೋಮಿಗೆ ಹೋಗಿ ಹದಿಮೂರು ವರ್ಷ
ಬೇರೆಯವರ ರಾಗಕ್ಕೆ ಅಂಗಿ ಹೊಲಿದವ,
ಪಗಾರ ಉಂಟು, ಹೆಸರಿಲ್ಲ.
ಕಡೆಗೊಂದು ಚಿತ್ರ ಸಿಕ್ಕಿತು. ನಲವತ್ತು ಪಿಟೀಲು ಬೇಕೆಂದ.
ನಿರ್ಮಾಪಕ ಕಿಸೆ ಮಗುಚಿ ತೋರಿಸಿದ.
ಹಾಗಾಗಿ ಸಿಳ್ಳು, ಹಾಗಾಗಿ ಚಾಟಿ,
ಕತ್ತೆಯ ಕೊರಳಿಂದ ಬಿಚ್ಚಿ ತಂದ ಗಂಟೆ.
ಇಟಲಿಯವನ ಹೆಸರಿದ್ದರೆ ಕೌಬಾಯ್ ಚಿತ್ರ ಓಡದೆಂದರು,
ಅದನ್ನೂ ಬಿಚ್ಚಿಟ್ಟ.

ಇನಾಸನ ಬೀಡಿ ಆರಿತ್ತು, ಅವನಿಗೆ ಗೊತ್ತಾಗಲಿಲ್ಲ.
ಮುಂಬೈಯ ಸ್ಟುಡಿಯೋಗಳಲ್ಲಿ ಆರು ವರ್ಷ ಊದಿ ಬಂದವನು;
ಯಾವ ಹಾಡಿನ ಯಾವ ತುತ್ತೂರಿ ತನ್ನದೆಂದು
ರೇಡಿಯೊ ಹಾಡುವಾಗ ಹೆಂಡತಿಗೆ ಮಾತ್ರ ಹೇಳುತ್ತಿದ್ದನಂತೆ.
ಎದ್ದು, ಧಕ್ಕೆಯ ಮೇಲೆ, ಅದಿರಿನ ಕೆಂಪು ಧೂಳಿನಲ್ಲಿ
ಆ ರಾಗ ಊದಿದ,
ಮಣ್ಣಿಗೆ ಊದುವಷ್ಟು ನಿಧಾನ.
ಪ್ರಿಮೊ ಟೋಪಿ ತೆಗೆದ.
‘ಅವನು ಮೊದಲು ಊದಿದ್ದು ಹೀಗೇ,
ನನ್ನ ಅಪ್ಪನ ಹಿಂದೆ.’
ಹಮಾಲರು ಬುಟ್ಟಿ ಹೊತ್ತೇ ನಿಂತರು,
ಮುಕಾದಮ ಬೈಯುವ ತನಕ.

ಆಮೇಲಿನದೆಲ್ಲ ಚೂರುಪಾರು ಸುದ್ದಿ.
ಮುನ್ನೂರು ಚಿತ್ರ, ಸ್ವಂತ ಹೆಸರು;
ಬಹುಮಾನದ ಚಪ್ಪಾಳೆ ಬಿದ್ದಾಗ
ಎಡಗಿವಿ ಕೇಳುತ್ತಿರಲಿಲ್ಲವಂತೆ.
ಸತ್ತದ್ದು ಒಳಪುಟದಲ್ಲಿ ನಾಲ್ಕು ಸಾಲು.
ಬಂಗಡೆ ಕಟ್ಟಿಕೊಟ್ಟ ಪೇಪರು ಅದು, ಎರಡು ಸಾಲು ಒದ್ದೆ.

ಸಂಜೆ ಕೋಡಿಬಾಗಕ್ಕೆ ನಡೆದೆ.
ಇನಾಸ್ ಹೋಗಿ ಹನ್ನೊಂದು ವರ್ಷ.
ಅವನ ಅಂಗಳದಲ್ಲಿ ಹುಡುಗರ ಬ್ಯಾಂಡು, ಯಾರದೋ ಮದುವೆಗೆ ತಾಲೀಮು,
ಅದೇ ಸಿಳ್ಳು, ಈಗ ಕೀಬೋರ್ಡಿನ ಒಂದು ಗುಂಡಿಯೊಳಗೆ.
ಯಾರದ್ದು ಇದು, ಕೇಳಿದೆ.
‘ಇದಾ? ನಮ್ಮ ಇನಾಸ್ ಅಂಕಲ್ ಮಾಡಿದ್ದು,’ ಅಂದ ಡ್ರಮ್ಮಿನವ.

ಕಿಸೆಯಲ್ಲಿ ಆ ತುಂಡು ಇತ್ತು.
ಬಣ್ಣ ಹೋಗಿ ಬರೀ ಗುಲಾಬಿ,
ಅಕ್ಷರ ಮಾತ್ರ ಬಿಳಿ, ಅದೂ ಸುಳ್ಳು ಹೆಸರು.
ತೆಗೆಯಲಿಲ್ಲ.
ತುತ್ತೂರಿ ಬರುವ ಜಾಗದಲ್ಲಿ ಹುಡುಗ ಅವಸರ ಮಾಡುತ್ತಿದ್ದ.
‘ಅಲ್ಲಿ ನಿಲ್ಲು,’ ಎಂದೆ, ‘ತರಿ ಹೋದರೆ ಹೋಗಲಿ.’